ಸತ್ತು ಹುಟ್ಟಿತೆಂದು ಬರೆದಿಟ್ಟ ಕೂಸು ಉಸಿರಾಡಿತು!

ಕಿತ್ತೂರಿನಿಂದ ಕೆಲವೇ ಕಿಲೋಮೀಟರ್ ದೂರದ ದೇಗಾಂವಕ್ಕೆ ಹೋದವರು ಮಾತು ಮರೆತು ನಿಲ್ಲುವುದು ಕಮಲನಾರಾಯಣ ಗುಡಿಯ ಮುಂದೆ. ಗೋವೆಯ ಕದಂಬ ದೊರೆ ಶಿವಚಿತ್ತ ಪೆರ್ಮಾಡಿಯ ರಾಣಿ ಕಮಲಾದೇವಿ 12ನೇ ಶತಮಾನದಲ್ಲಿ ಕಟ್ಟಿಸಿದ ಗುಡಿ ಅದು. ಶಿಲ್ಪಿಯ ಹೆಸರು ತಿಪ್ಪೋಜ. ಒಂದೇ ಸಾಲಿನಲ್ಲಿ ಮೂರು ಗರ್ಭಗುಡಿ, ನಿನ್ನೆ ಮೊನ್ನೆ ಕಡೆದಂತಿರುವ ಕಂಬಗಳು, ಎಂಟುನೂರು ವರ್ಷಗಳ ಮಳೆ ಗಾಳಿಗೂ ಮಾಸದ ಕುಸುರಿ! ನೋಡಲೇಬೇಕಾದ ಜಾಗ. ಆದರೆ ಈ ಸೀಮೆಯಲ್ಲಿ ಅಷ್ಟೇ ಬೆರಗು ಹುಟ್ಟಿಸುವ ಇನ್ನೊಂದು ಕೆಲಸ ನಡೆದಿದೆ. ಅದರ ಸುದ್ದಿ ನಮ್ಮಲ್ಲಿ ಎಷ್ಟು ಜನರಿಗೆ ಗೊತ್ತು?

ಬೆಳಗಾವಿ ಜಿಲ್ಲೆಯ ಹಳ್ಳಿಗಳಲ್ಲಿ, ಪ್ರಾಥಮಿಕ ಆರೋಗ್ಯ ಕೇಂದ್ರಗಳಲ್ಲಿ, ನಮ್ಮ ನರ್ಸಮ್ಮಂದಿರ ಕೈಯಲ್ಲಿ, ನಮ್ಮ ಬಾಣಂತಿಯರ ಮಗ್ಗುಲಲ್ಲಿ ಜಗತ್ತಿನ ಮಕ್ಕಳನ್ನು ಉಳಿಸುವ ವಿದ್ಯೆಯ ಕೆಲವು ಮುಖ್ಯ ಪಾಠಗಳು ಸಿಕ್ಕಿವೆ. ಇಲ್ಲಿ ಅಳೆದು, ಎಣಿಸಿ, ಪರೀಕ್ಷಿಸಿ ತಿಳಿದದ್ದನ್ನು ವಿಶ್ವ ಆರೋಗ್ಯ ಸಂಸ್ಥೆ ಕಿವಿಗೊಟ್ಟು ಕೇಳಿದೆ. ಎಲ್ಲಿಯೋ ಆಫ್ರಿಕಾದ ಒಂದು ಹೆರಿಗೆ ಕೋಣೆಯಲ್ಲಿ ಈ ಹೊತ್ತು ತಾಯಿಯೊಬ್ಬಳು ಬದುಕುತ್ತಿದ್ದರೆ, ಅದರಲ್ಲಿ ಬೆಳಗಾವಿಯ ಹಳ್ಳಿಗಾಡಿನ ಪಾಲೂ ಇದೆ. ಉತ್ಪ್ರೇಕ್ಷೆ ಎನಿಸಿತೇ? ಹಾಗಾದರೆ ಕಥೆಯನ್ನು ಮೊದಲಿನಿಂದ ಕೇಳಿ.

ಮಾನವ ಕುಲ ಕಂಡರಿಯದ ಇಳಿಕೆ

ಇತಿಹಾಸದ ಬಹುಪಾಲು ಕಾಲ, ಯಾವ ದೇಶವೇ ಇರಲಿ, ಹುಟ್ಟಿದ ಮಕ್ಕಳಲ್ಲಿ ಹೆಚ್ಚುಕಡಿಮೆ ಅರ್ಧದಷ್ಟು ಮಕ್ಕಳು ದೊಡ್ಡವರಾಗುವ ಮೊದಲೇ ತೀರಿಕೊಳ್ಳುತ್ತಿದ್ದರು. ಅರಮನೆಗೂ ಗುಡಿಸಲಿಗೂ ಇದರಲ್ಲಿ ದೊಡ್ಡ ಭೇದವಿರಲಿಲ್ಲ. ಅದೇ ಲೋಕದ ನಿಯಮವೆಂದು ಜನ ನಂಬಿದ್ದರು.

ಈಗ ಈ ಅಂಕಿ ನೋಡಿ. 1990ರಲ್ಲಿ ಐದು ವರ್ಷ ತುಂಬುವ ಮೊದಲೇ ತೀರಿಕೊಂಡ ಮಕ್ಕಳು ಜಗತ್ತಿನಾದ್ಯಂತ ಸುಮಾರು 1 ಕೋಟಿ 25 ಲಕ್ಷ. 2022ರಲ್ಲಿ ಅದು ಸುಮಾರು 49 ಲಕ್ಷಕ್ಕೆ ಇಳಿಯಿತು. ಲೆಕ್ಕ ಶುರುವಾದಂದಿನಿಂದ ಮೊದಲ ಸಲ 50 ಲಕ್ಷದ ಕೆಳಗೆ! ಸಾವಿರ ಮಕ್ಕಳಲ್ಲಿ 93 ಮಕ್ಕಳನ್ನು ಕಳೆದುಕೊಳ್ಳುತ್ತಿದ್ದ ಜಗತ್ತು ಈಗ 37 ಮಕ್ಕಳನ್ನು ಕಳೆದುಕೊಳ್ಳುತ್ತಿದೆ. ಒಂದೇ ತಲೆಮಾರಿನಲ್ಲಿ ಇಷ್ಟು! ಚಂದ್ರನ ಮೇಲೆ ಕಾಲಿಟ್ಟದ್ದನ್ನು ನಾವು ಹಾಡಿ ಹೊಗಳಿದೆವು. ಇದನ್ನು ಯಾರೂ ಡಂಗುರ ಸಾರಲಿಲ್ಲ.

ನಮ್ಮ ರಾಜ್ಯದ ಲೆಕ್ಕ ಇನ್ನೂ ಹುರುಪು ಕೊಡುವಂಥದ್ದು. ಕೇಂದ್ರ ಸರ್ಕಾರದ ಮಾದರಿ ನೋಂದಣಿ ಸಮೀಕ್ಷೆಯ ಪ್ರಕಾರ 2005ರಲ್ಲಿ ಕರ್ನಾಟಕದಲ್ಲಿ ಹುಟ್ಟಿದ ಸಾವಿರ ಕೂಸುಗಳಲ್ಲಿ 50 ಕೂಸುಗಳು ವರ್ಷ ತುಂಬುವುದರೊಳಗೆ ಕಣ್ಣು ಮುಚ್ಚುತ್ತಿದ್ದವು. 2020ರ ಹೊತ್ತಿಗೆ ಆ ಸಂಖ್ಯೆ 19. ಹದಿನೈದು ವರ್ಷದಲ್ಲಿ ಸಾವು ಅರ್ಧಕ್ಕಿಂತ ಕೆಳಗೆ ಇಳಿಯಿತು.

ಇದಕ್ಕೆ ಕಾರಣಗಳು ಹಲವು. ಲಸಿಕೆ ಒಂದು: 1974ರಿಂದ ಐವತ್ತು ವರ್ಷಗಳಲ್ಲಿ ಲಸಿಕೆಗಳು ಉಳಿಸಿದ ಜೀವಗಳು 15 ಕೋಟಿ 40 ಲಕ್ಷ ಎಂದು ವಿಶ್ವ ಆರೋಗ್ಯ ಸಂಸ್ಥೆಯ ಮುಂದಾಳತ್ವದಲ್ಲಿ ನಡೆದ ಅಧ್ಯಯನ ಹೇಳುತ್ತದೆ. ಅಂದರೆ ನಿಮಿಷಕ್ಕೆ ಆರು ಜೀವ! ಉಪ್ಪು ಸಕ್ಕರೆಯ ನೀರು ಇನ್ನೊಂದು: 1971ರಲ್ಲಿ ಬಾಂಗ್ಲಾ ನಿರಾಶ್ರಿತರ ಶಿಬಿರದಲ್ಲಿ ಡಾ. ದಿಲೀಪ್ ಮಹಲನಬೀಸ್ ಅದನ್ನು ಡ್ರಮ್ಮುಗಳಲ್ಲಿ ಕಲಸಿಟ್ಟು ಕಾಲರಾ ಪೀಡಿತರಿಗೆ ಕುಡಿಸಿದರು. ಇಂದು ಪ್ರತಿ ಆಶಾ ಕಾರ್ಯಕರ್ತೆಯ ಚೀಲದಲ್ಲಿರುವ ಓಆರ್‌ಎಸ್ ಪೊಟ್ಟಣ ಆ ಶಿಬಿರದಿಂದ ನಡೆದು ಬಂದದ್ದು.

ಆದರೆ ಒಂದು ಬಾಗಿಲು ಮಾತ್ರ ಬಹುಕಾಲ ಮುಚ್ಚಿಯೇ ಇತ್ತು. ಲಸಿಕೆ, ಪೊಟ್ಟಣ ಎರಡೂ ತಲುಪದ ಕಾಲ ಅದು. ಕೂಸು ಹುಟ್ಟಿದ ಮೊದಲ ನಿಮಿಷ, ಮೊದಲ ದಿನ, ಮೊದಲ ವಾರ. 2022ರಲ್ಲಿ ತೀರಿಕೊಂಡ 49 ಲಕ್ಷ ಮಕ್ಕಳಲ್ಲಿ ಸುಮಾರು 23 ಲಕ್ಷ ಮಕ್ಕಳು ಹುಟ್ಟಿ 28 ದಿನವೂ ತುಂಬದವರು. ಅವರಲ್ಲಿ ನಾಲ್ಕರಲ್ಲಿ ಮೂರು ಪಾಲು ಕೂಸುಗಳು ಮೊದಲ ವಾರವನ್ನೇ ದಾಟುವುದಿಲ್ಲ.

ನಮ್ಮ ಹಿರಿಯರಿಗೆ ಈ ಲೆಕ್ಕ ಪುಸ್ತಕದಿಂದ ಗೊತ್ತಿರಲಿಲ್ಲ, ಬದುಕಿನಿಂದ ಗೊತ್ತಿತ್ತು. ಐದನೇ ದಿನ ಶೆಟವಿಯ ಪೂಜೆ ಮಾಡಿ, ರಾತ್ರಿ ಅವಳು ಬಂದು ಕೂಸಿನ ಹಣೆಬರಹ ಬರೆಯುತ್ತಾಳೆಂದು ದೀಪ ಹಚ್ಚಿಟ್ಟು ಕಾಯುವ ಪದ್ಧತಿ ಈ ಸೀಮೆಯದು. ಹುಟ್ಟಿದ ಮಕ್ಕಳು ಒಂದೂ ಉಳಿಯದ ಮನೆಯಲ್ಲಿ ಮುಂದಿನ ಕೂಸನ್ನು ತಿಪ್ಪೆಯ ಮೇಲೆ ಹೊರಳಿಸಿ, ಸಾವಿನ ಕಣ್ಣಿಗೆ ಅದು ಬೇಡವಾದ ವಸ್ತುವಾಗಿ ಕಾಣಲಿ ಎಂದು ತಿಪ್ಪಣ್ಣ, ತಿಪ್ಪವ್ವ ಎಂದು ಹೆಸರಿಡುತ್ತಿದ್ದರು. ಆ ಹೆಸರುಗಳ ಹಿಂದೆ ಎಷ್ಟು ಬರಿದಾದ ತೊಟ್ಟಿಲುಗಳಿದ್ದವೋ! ಮೊದಲ ವಾರವೇ ಎಲ್ಲಕ್ಕಿಂತ ಅಪಾಯದ ವಾರವೆಂದು ಅವರು ಸರಿಯಾಗಿ ಗುರುತಿಸಿದ್ದರು. ಆ ವಾರದಲ್ಲಿ ಮಾಡುವುದೇನು ಎಂಬುದು ಮಾತ್ರ ತಿಳಿಯದೆ ದೇವರ ಕೈಗೆ ಬಿಟ್ಟಿದ್ದರು.

ಒಂದು ನಿಮಿಷದಲ್ಲಿ ನಡೆಯುವ ಮಹಾ ಬದಲಾವಣೆ

ಕೂಸು ಹುಟ್ಟುವ ಆ ನಿಮಿಷದಲ್ಲಿ ಏನು ನಡೆಯುತ್ತದೆ ಎಂದು ತಿಳಿದರೆ ಮೈ ಜುಮ್ಮೆನ್ನುತ್ತದೆ.

ತಾಯಿಯ ಹೊಟ್ಟೆಯಲ್ಲಿರುವಾಗ ಕೂಸಿನ ಶ್ವಾಸಕೋಶದಲ್ಲಿ ಗಾಳಿಯೇ ಇಲ್ಲ. ಅದರ ತುಂಬ ನೀರಿನಂಥ ದ್ರವ. ಆಮ್ಲಜನಕ ಬರುವುದು ಮಾಸಿನಿಂದ, ಹೊಕ್ಕುಳಬಳ್ಳಿಯ ದಾರಿಯಲ್ಲಿ. ಶ್ವಾಸಕೋಶಕ್ಕೆ ಇನ್ನೂ ಕೆಲಸವಿಲ್ಲವಾದ್ದರಿಂದ ರಕ್ತದ ಬಹುಪಾಲು ಅದರ ಕಡೆ ಹೋಗುವುದೇ ಇಲ್ಲ. ಹೃದಯದ ಎರಡು ಮೇಲ್ಕೋಣೆಗಳ ನಡುವೆ ಒಂದು ಕಿಂಡಿ ಇದೆ. ರಕ್ತದ ದೊಡ್ಡ ಪಾಲು ಆ ಕಿಂಡಿಯಿಂದ ದಾಟಿ ಮೈಯೆಲ್ಲ ಸುತ್ತುತ್ತದೆ.

ಕೂಸು ಹೊರಗೆ ಬಂದ ಕ್ಷಣ ಈ ಇಡೀ ವ್ಯವಸ್ಥೆ ತಲೆಕೆಳಗಾಗಬೇಕು! ಮೊದಲ ಉಸಿರು ಒಳಗೆ ನುಗ್ಗುತ್ತದೆ. ದ್ರವ ಇಂಗಿ ಗಾಳಿಗೆ ಜಾಗ ಬಿಡುತ್ತದೆ. ಮುದುಡಿಕೊಂಡಿದ್ದ ರಕ್ತನಾಳಗಳು ಅರಳುತ್ತವೆ. ರಕ್ತ ಶ್ವಾಸಕೋಶಕ್ಕೆ ಹರಿದು, ಅಲ್ಲಿಂದ ಹೃದಯದ ಎಡಭಾಗಕ್ಕೆ ಬಂದು ಒತ್ತಿದಾಗ ಆ ಕಿಂಡಿಯ ಪರದೆ ಮುಚ್ಚಿಕೊಳ್ಳುತ್ತದೆ. ಒಂಬತ್ತು ತಿಂಗಳು ನೀರಿನಲ್ಲಿದ್ದ ಜೀವ ಒಂದೇ ನಿಮಿಷದಲ್ಲಿ ಗಾಳಿಯ ಜೀವವಾಗುತ್ತದೆ. ನಾವೆಲ್ಲರೂ ಇದನ್ನು ದಾಟಿಯೇ ಬಂದಿದ್ದೇವೆ, ಒಬ್ಬರಿಗೂ ನೆನಪಿಲ್ಲ.

ನೂರು ಕೂಸುಗಳಲ್ಲಿ ಸುಮಾರು 85 ತಾವಾಗಿಯೇ ಉಸಿರೆಳೆದು ಅಳುತ್ತವೆ. ಇನ್ನು ಹತ್ತಕ್ಕೆ ಒಣ ಬಟ್ಟೆಯಲ್ಲಿ ಮೈ ಒರೆಸಿ, ಬೆನ್ನು ಉಜ್ಜಿದರೆ ಸಾಕು. ಮಿಕ್ಕ ಐದು ಕೂಸುಗಳಲ್ಲಿ ಬಹುಪಾಲಿಗೆ ಬಾಯಿ ಮೂಗಿನ ಮೇಲೆ ಪುಟ್ಟ ಮಾಸ್ಕ್ ಇಟ್ಟು, ಕುಲುಮೆಯ ತಿದಿಯಂಥ ರಬ್ಬರ್ ಚೀಲವನ್ನು ಹಿಸುಕಿ ಗಾಳಿ ಕೊಡಬೇಕು. ಔಷಧಿಯವರೆಗೆ ಹೋಗಬೇಕಾದದ್ದು ಸಾವಿರಕ್ಕೆ ಒಂದೆರಡು ಮಾತ್ರ. ಅಂದರೆ ಹೆಚ್ಚಿನ ಕೂಸುಗಳಿಗೆ ಬೇಕಾದದ್ದು ಒಣ ಬಟ್ಟೆ, ಒಂದು ಚೀಲ, ಮತ್ತು ಹೆದರದ, ಕಲಿತ ಒಂದು ಕೈ.

ಈಗ ಒಂದು ಭಯಂಕರ ಸತ್ಯಕ್ಕೆ ಬರೋಣ. ಉಸಿರಾಡದೆ, ಅಳದೆ, ಮೈ ಬಿಳಿಚಿಕೊಂಡು, ಕೈಕಾಲು ಜೋತುಬಿದ್ದು ಹುಟ್ಟಿದ ಕೂಸನ್ನು ನೋಡಿದಾಗ ಎಲ್ಲರೂ ಏನೆನ್ನುತ್ತಿದ್ದರು? ಸತ್ತೇ ಹುಟ್ಟಿತು ಎನ್ನುತ್ತಿದ್ದರು. ಬಟ್ಟೆಯಲ್ಲಿ ಸುತ್ತಿ ಪಕ್ಕಕ್ಕಿಟ್ಟು ತಾಯಿಯ ಕಡೆ ತಿರುಗುತ್ತಿದ್ದರು. ದಾಖಲೆಯಲ್ಲೂ ಅದನ್ನೇ ಬರೆಯುತ್ತಿದ್ದರು. ಆದರೆ ಉಸಿರು ನಿಂತಿದ್ದರೂ ಅಂಥ ಎಷ್ಟೋ ಕೂಸುಗಳ ಹೃದಯ ಇನ್ನೂ ಮಿಡಿಯುತ್ತಿತ್ತು!

ಗೊಂಬೆಯ ಮೇಲೆ ಕಲಿತ ವಿದ್ಯೆ

ಇದನ್ನು ಜಗತ್ತಿಗೆ ಅಂಕಿಸಂಖ್ಯೆಯೊಂದಿಗೆ ತೋರಿಸಿಕೊಟ್ಟ ಕೆಲಸದಲ್ಲಿ ಬೆಳಗಾವಿ ಜಿಲ್ಲೆಯ ಹಳ್ಳಿಗಳಿದ್ದವು. ಬೆಳಗಾವಿಯ ಕೆ.ಎಲ್.ಇ. ಸಂಸ್ಥೆಯ ಜವಾಹರಲಾಲ್ ನೆಹರೂ ವೈದ್ಯಕೀಯ ಕಾಲೇಜು ಅಮೆರಿಕದ ರಾಷ್ಟ್ರೀಯ ಆರೋಗ್ಯ ಸಂಸ್ಥೆಗಳ ಬೆಂಬಲದ 'ಗ್ಲೋಬಲ್ ನೆಟ್‌ವರ್ಕ್' ಎಂಬ ತಾಯಿ ಮಕ್ಕಳ ಸಂಶೋಧನಾ ಕೂಟದಲ್ಲಿ ಒಂದು ಕೇಂದ್ರ. ಈ ಕೂಟದ 'ಮೊದಲ ಉಸಿರು' ಪ್ರಯೋಗ ಅರ್ಜೆಂಟೀನಾ, ಕಾಂಗೋ, ಗ್ವಾಟೆಮಾಲಾ, ಭಾರತ, ಪಾಕಿಸ್ತಾನ, ಜಾಂಬಿಯಾ ದೇಶಗಳ ಹಳ್ಳಿಗಾಡಿನಲ್ಲಿ ನಡೆಯಿತು. ಹೆರಿಗೆ ಮಾಡಿಸುವವರಿಗೆ ನವಜಾತ ಶಿಶುವಿನ ಆರೈಕೆಯ ತರಬೇತಿ ಕೊಟ್ಟ ಬಳಿಕ, ಸತ್ತು ಹುಟ್ಟುವ ಕೂಸುಗಳ ಸಂಖ್ಯೆ ಸಾವಿರಕ್ಕೆ 23ರಿಂದ 15.9ಕ್ಕೆ ಇಳಿಯಿತು ಎಂದು 2010ರಲ್ಲಿ ವರದಿ ಬಂತು.

ನಿಂತು ಯೋಚಿಸಿ! ತರಬೇತಿ ನಡೆದದ್ದು ಹುಟ್ಟಿದ ಮೇಲಿನ ಆರೈಕೆಗೆ. ಇಳಿದದ್ದು ಹುಟ್ಟುವ ಮೊದಲೇ ಸತ್ತಿದ್ದವು ಎಂದು ಬರೆಯುತ್ತಿದ್ದ ಕೂಸುಗಳ ಲೆಕ್ಕ. ಇದು ಹೇಗೆ ಸಾಧ್ಯ? ಸಂಶೋಧಕರು ಕೊಟ್ಟ ವಿವರಣೆ ಒಂದೇ: ಆ ಕೂಸುಗಳಲ್ಲಿ ಹಲವು ಸತ್ತಿರಲೇ ಇಲ್ಲ. ಉಸಿರು ಹಚ್ಚುವವರಿಗಾಗಿ ಕಾಯುತ್ತಿದ್ದವು.

ಅದೇ 2010ರಲ್ಲಿ ಬೆಳಗಾವಿಯಲ್ಲಿ ಇನ್ನೊಂದು ಹೆಜ್ಜೆ. ಅಮೆರಿಕದ ಮಕ್ಕಳ ವೈದ್ಯರ ಸಂಘ ರೂಪಿಸಿದ್ದ 'ಹೆಲ್ಪಿಂಗ್ ಬೇಬೀಸ್ ಬ್ರೀದ್' ತರಬೇತಿಯನ್ನು ಇಲ್ಲಿ ಪ್ರಾಥಮಿಕ ಆರೋಗ್ಯ ಕೇಂದ್ರದಿಂದ ದೊಡ್ಡಾಸ್ಪತ್ರೆಯವರೆಗೆ ಹೆರಿಗೆ ಮಾಡಿಸುವ 599 ಜನರಿಗೆ ಕೊಟ್ಟರು. ಕಲಿಕೆಯ ಸಾಧನ ಒಂದು ಗೊಂಬೆ. ನಾರ್ವೆಯ ಲೇರ್ಡಾಲ್ ಕಂಪನಿ ತಯಾರಿಸಿದ ಈ ಗೊಂಬೆಯ ಹೊಟ್ಟೆಗೆ ಬೆಚ್ಚಗಿನ ನೀರು ತುಂಬಿ ಕೈಗೆತ್ತಿಕೊಂಡರೆ, ಆಗಷ್ಟೇ ಹುಟ್ಟಿದ ಕೂಸಿನದೇ ಭಾರ, ಅದೇ ಬಿಸುಪು, ಕತ್ತು ಅದೇ ರೀತಿ ವಾಲುತ್ತದೆ. ಕಲಿಸುವವರು ಮರೆಯಲ್ಲಿ ಒಂದು ಪುಟ್ಟ ರಬ್ಬರ್ ಗುಂಡು ಹಿಸುಕಿದರೆ ಹೊಕ್ಕುಳಬಳ್ಳಿಯಲ್ಲಿ ನಾಡಿ ಮಿಡಿಯುತ್ತದೆ. ಹಿಸುಕುವುದನ್ನು ನಿಲ್ಲಿಸಿದರೆ ನಾಡಿಯೂ ನಿಲ್ಲುತ್ತದೆ.

ಕಲಿಯುವ ನರ್ಸಮ್ಮ ಏನು ಮಾಡಬೇಕು? ಒರೆಸು. ಒದ್ದೆ ಬಟ್ಟೆ ತೆಗೆದು ಒಣ ಬಟ್ಟೆ ಹೊದಿಸು. ಅತ್ತಿತೇ? ಇಲ್ಲ. ಬೆನ್ನು ಉಜ್ಜು. ಈಗ? ಇಲ್ಲ. ತಲೆ ಸ್ವಲ್ಪವೇ ಹಿಂದಕ್ಕೆ, ಮಾಸ್ಕ್ ಬಿಗಿಯಾಗಿ ಕೂರಲಿ, ಚೀಲ ಹಿಸುಕು. ನಿಮಿಷಕ್ಕೆ 40ರ ಲೆಕ್ಕ. ಎದೆ ಮೇಲೆದ್ದಿತೇ ನೋಡು. ಏಳಲಿಲ್ಲವಾದರೆ ಮಾಸ್ಕ್ ಸರಿಪಡಿಸು, ಮತ್ತೆ ಹಿಸುಕು. ಇಷ್ಟೂ ಕೆಲಸ ಮೊದಲ ಅರವತ್ತು ಸೆಕೆಂಡಿನೊಳಗೆ ಶುರುವಾಗಬೇಕು. ಆ ಅರವತ್ತು ಸೆಕೆಂಡಿಗೆ ಅವರು ಇಟ್ಟ ಹೆಸರು 'ಬಂಗಾರದ ನಿಮಿಷ'.

ತರಬೇತಿಗೆ ಮುಂಚಿನ ಆರು ತಿಂಗಳು, ತರಬೇತಿಯ ನಂತರದ ಆರು ತಿಂಗಳು ಎರಡನ್ನೂ ಹೋಲಿಸಿದರು. ಸತ್ತು ಹುಟ್ಟಿದವು ಎಂದು ದಾಖಲಾದ ಕೂಸುಗಳ ಪ್ರಮಾಣ ನೂರಕ್ಕೆ 3ರಿಂದ 2.3ಕ್ಕೆ ಇಳಿದಿತ್ತು. ಅವುಗಳಲ್ಲೂ ಹೆರಿಗೆಯ ಹೊತ್ತಿನಲ್ಲೇ ತೀರಿಕೊಂಡಂತೆ ಕಾಣುವ, ಮೈ ಇನ್ನೂ ಕೆಡದ ಕೂಸುಗಳ ಪ್ರಮಾಣ 1.7ರಿಂದ 0.9ಕ್ಕೆ, ಹತ್ತಿರ ಹತ್ತಿರ ಅರ್ಧಕ್ಕೆ! ಹಾಗೆ ಬದುಕಿ ಉಳಿದ ಕೂಸುಗಳು ಮುಂದಿನ ದಿನಗಳಲ್ಲಿ ಸಾವಿನ ಲೆಕ್ಕ ಹೆಚ್ಚಿಸಲೂ ಇಲ್ಲ; ನವಜಾತ ಶಿಶುಗಳ ಮರಣ ಪ್ರಮಾಣ ಇದ್ದಲ್ಲೇ ಇತ್ತು. ಡಾ. ಶಿವಪ್ರಸಾದ ಗೌಡರ ಮತ್ತು ಸಂಗಡಿಗರ ಈ ವರದಿ 2013ರಲ್ಲಿ ಅಮೆರಿಕದ 'ಪೀಡಿಯಾಟ್ರಿಕ್ಸ್' ಪತ್ರಿಕೆಯಲ್ಲಿ ಪ್ರಕಟವಾಯಿತು.

ಗೆರೆ ಹಾಕಿದ ಒಂದು ಪ್ಲಾಸ್ಟಿಕ್ ಹಾಳೆ

ಕೂಸು ಉಳಿಯಬೇಕಾದರೆ ತಾಯಿ ಉಳಿಯಬೇಕು. ಹಾಲೂಡುವ, ಬೆಚ್ಚಗೆ ಇಡುವ ತಾಯಿಯೇ ಇಲ್ಲದಾಗ ಹಸುಗೂಸು ಬದುಕುವುದು ಎಷ್ಟು ಕಷ್ಟವೆಂದು ಹಳ್ಳಿಗಳಿಗೆ ಹೇಳಿಕೊಡಬೇಕಾಗಿಲ್ಲ. ಬಾಣಂತಿಯರನ್ನು ಜಗತ್ತಿನಾದ್ಯಂತ ಅತಿ ಹೆಚ್ಚು ಕೊಲ್ಲುವುದು ಹೆರಿಗೆಯ ನಂತರದ ರಕ್ತಸ್ರಾವ. ಅದನ್ನು ತಡೆಯುವ ಆಕ್ಸಿಟೋಸಿನ್ ಚುಚ್ಚುಮದ್ದು ಫ್ರಿಜ್‌ನಲ್ಲೇ ಇರಬೇಕು, ಕೊಡಲು ಸೂಜಿ ಬೇಕು, ಕಲಿತವರು ಬೇಕು. ಕರೆಂಟೇ ಇಲ್ಲದ ಮನೆಯಲ್ಲಿ ನಡುರಾತ್ರಿ ಹೆರಿಗೆಯಾದರೆ?

ಡಾ. ಬಿ.ಎಸ್. ಕೋಡ್ಕಣಿ, ಡಾ. ಗೌಡರ, ಅಮೆರಿಕದ ಡಾ. ರಿಚರ್ಡ್ ಡರ್ಮನ್, ಸ್ಟೇಸಿ ಗೆಲ್ಲರ್ ಮುಂತಾದವರ ತಂಡ ಈ ಪ್ರಶ್ನೆ ಹಿಡಿದು ಬೆಳಗಾವಿ ಜಿಲ್ಲೆಯ ಹಳ್ಳಿಗಳಿಗೆ ಇಳಿಯಿತು. ಸೆಪ್ಟೆಂಬರ್ 2002ರಿಂದ ಡಿಸೆಂಬರ್ 2005ರವರೆಗೆ 1,620 ತಾಯಂದಿರು ಇದರಲ್ಲಿ ಪಾಲ್ಗೊಂಡರು. ಅರ್ಧ ಜನರಿಗೆ ಹೆರಿಗೆಯಾದ ಕೂಡಲೇ ಮಿಸೊಪ್ರೊಸ್ಟಾಲ್ ಮಾತ್ರೆ. ಉಳಿದರ್ಧಕ್ಕೆ ನೋಡಲು ಹಾಗೆಯೇ ಇರುವ, ಔಷಧವಿಲ್ಲದ ಮಾತ್ರೆ. ಯಾರಿಗೆ ಯಾವುದೆಂದು ಕೊಟ್ಟವರಿಗೂ ಗೊತ್ತಿಲ್ಲ, ನುಂಗಿದವರಿಗೂ ಗೊತ್ತಿಲ್ಲ. ಹೆರಿಗೆ ಮಾಡಿಸಿ, ಮಾತ್ರೆ ಕೊಟ್ಟು, ರಕ್ತ ಅಳೆದವರು ಯಾರು ಗೊತ್ತೇ? ಉಪಕೇಂದ್ರಗಳ 25 ಮಂದಿ ಎಎನ್‌ಎಂ ಸಿಸ್ಟರ್‌ಗಳು!

ರಕ್ತವನ್ನು ಅಳೆಯುವುದೇ ದೊಡ್ಡ ತೊಡಕಾಗಿತ್ತು. ಬಟ್ಟೆಯಲ್ಲಿ ಇಂಗಿ, ನೆಲದಲ್ಲಿ ಹರಿದು ಹೋದದ್ದನ್ನು ಕಣ್ಣಳತೆಯಲ್ಲಿ ಹೇಳಿದರೆ ಪಳಗಿದ ಕಣ್ಣೂ ಮೋಸ ಹೋಗುತ್ತದೆ. ಅದಕ್ಕಾಗಿ ತಂಡ ತಯಾರಿಸಿದ್ದು ಒಂದು ಪಾರದರ್ಶಕ ಪ್ಲಾಸ್ಟಿಕ್ ಹಾಳೆ. ಮೇಲ್ಭಾಗ ಅಗಲ, ಕೂಸು ಹುಟ್ಟಿದ ಕೂಡಲೇ ತಾಯಿಯ ಕೆಳಗೆ ಹಾಸಿ ದಾರವನ್ನು ಸೊಂಟಕ್ಕೆ ಕಟ್ಟುವುದು. ಕೆಳಭಾಗ ಕಿರಿದಾಗುತ್ತ ಚೀಲದಂತೆ ಇಳಿಬಿದ್ದಿರುತ್ತದೆ. ಅದರ ಮೇಲೆ ಮಿಲಿಲೀಟರ್ ಗೆರೆಗಳು. ರಕ್ತ ಚೀಲಕ್ಕೆ ಇಳಿಯುತ್ತದೆ, ಗೆರೆ ನೋಡಿ ಓದಿದರಾಯಿತು. ಈ ಹಾಳೆಯ ಅಳತೆಗೆ ಹೋಲಿಸಿದಾಗ ಕಣ್ಣಂದಾಜು ಮೂರನೇ ಒಂದು ಪಾಲಿನಷ್ಟು ಕಡಿಮೆ ಹೇಳುತ್ತಿತ್ತು ಎಂದು ತಿಳಿಯಿತು. ಅಪಾಯ ಕಣ್ಣೆದುರೇ ಇದ್ದೂ ಕಾಣದೆ ಹೋಗುತ್ತಿದ್ದುದು ಹೀಗೆ!

ಫಲಿತಾಂಶ 2006ರಲ್ಲಿ 'ಲ್ಯಾನ್ಸೆಟ್' ಪತ್ರಿಕೆಯಲ್ಲಿ ಬಂತು. ಅಪಾಯದ ರಕ್ತಸ್ರಾವ ನೂರಕ್ಕೆ 12ರಿಂದ 6.4ಕ್ಕೆ ಇಳಿದಿತ್ತು, ತೀವ್ರವಾದದ್ದು 1.2ರಿಂದ 0.2ಕ್ಕೆ. ಹದಿನೆಂಟು ತಾಯಂದಿರಿಗೆ ಮಾತ್ರೆ ಕೊಟ್ಟರೆ ಒಬ್ಬಳ ರಕ್ತಸ್ರಾವ ತಪ್ಪುತ್ತದೆ. ಚಳಿ, ಜ್ವರ ಕೆಲವರಿಗೆ ಸ್ವಲ್ಪ ಹೊತ್ತು ಕಾಡಿ ಇಳಿದವು. 2011ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ, ಆಕ್ಸಿಟೋಸಿನ್ ಸಿಗದ ಕಡೆ ರಕ್ತಸ್ರಾವ ತಡೆಯಲು ಈ ಮಾತ್ರೆಯನ್ನು ತನ್ನ ಅಗತ್ಯ ಔಷಧಿಗಳ ಪಟ್ಟಿಗೆ ಸೇರಿಸಿತು.

ಗೆರೆ ಹಾಕಿದ ಹಾಳೆಯ ಪ್ರಯಾಣವೂ ಅಲ್ಲಿಗೇ ಮುಗಿಯಲಿಲ್ಲ. ಕೀನ್ಯಾ, ನೈಜೀರಿಯಾ, ದಕ್ಷಿಣ ಆಫ್ರಿಕಾ, ತಾಂಜಾನಿಯಾಗಳ 80 ಆಸ್ಪತ್ರೆಗಳಲ್ಲಿ ನಡೆದ 'ಈ-ಮೋಟಿವ್' ಪ್ರಯೋಗದ ವರದಿ 2023ರಲ್ಲಿ ಹೊರಬಂತು. ಇಂಥದೇ ಅಳತೆಯ ಹಾಳೆಯಿಂದ ರಕ್ತಸ್ರಾವವನ್ನು ಬೇಗ ಗುರುತಿಸಿ, ಎಲ್ಲ ಚಿಕಿತ್ಸೆಯನ್ನೂ ಒಟ್ಟಿಗೆ ಕೊಟ್ಟಾಗ ತೀವ್ರ ಅಪಾಯದ ಪ್ರಮಾಣ ಶೇಕಡಾ 60ರಷ್ಟು ಇಳಿದಿತ್ತು!

ತಪ್ಪಬಹುದು ಎಂದು ಹೇಳುವ ಧೈರ್ಯ

ಈ ಸಾಹಸದಲ್ಲಿ ನನ್ನನ್ನು ಅತಿ ಹೆಚ್ಚು ಅಲುಗಾಡಿಸಿದ ಅಧ್ಯಾಯ ಸೋಲಿನದು.

ದಿನ ತುಂಬುವ ಮೊದಲೇ ಹುಟ್ಟುವ ಕೂಸುಗಳ ಶ್ವಾಸಕೋಶ ಇನ್ನೂ ಹದವಾಗಿರುವುದಿಲ್ಲ. ಹೆರಿಗೆಗೆ ಮುಂಚೆ ತಾಯಿಗೆ ಸ್ಟೀರಾಯ್ಡ್ ಚುಚ್ಚುಮದ್ದು ಕೊಟ್ಟರೆ ಅದು ಬೇಗ ಹದಗೊಳ್ಳುತ್ತದೆ. ಶ್ರೀಮಂತ ದೇಶಗಳಲ್ಲಿ ಇದು ಹಳೆಯ ವಿದ್ಯೆ. ಅಗ್ಗದ ಔಷಧ. ಹಾಗಾದರೆ ಹಳ್ಳಿಹಳ್ಳಿಗೂ ಕೊಟ್ಟರೆ ಲಕ್ಷಾಂತರ ಕೂಸುಗಳು ಉಳಿಯಬೇಕಲ್ಲ? ಬೆಳಗಾವಿ, ನಾಗಪುರಗಳೂ ಸೇರಿದಂತೆ ಆರು ದೇಶಗಳ ಕೇಂದ್ರಗಳಲ್ಲಿ ಸುಮಾರು ಒಂದು ಲಕ್ಷ ಹೆರಿಗೆಗಳನ್ನು ಗಮನಿಸಿ ಪರೀಕ್ಷಿಸಿದರು. 2015ರಲ್ಲಿ ಬಂದ ಉತ್ತರ ಎಲ್ಲರನ್ನೂ ಬೆಚ್ಚಿಬೀಳಿಸಿತು. ಔಷಧ ಹಂಚಿದ ಕಡೆ ನವಜಾತ ಶಿಶುಗಳ ಸಾವು ಸಾವಿರಕ್ಕೆ 23.9ರ ಬದಲು 27.4 ಆಗಿತ್ತು. ಕಡಿಮೆಯಾಗಬೇಕಾದದ್ದು ಹೆಚ್ಚಾಗಿತ್ತು!

ಅವರು ಅದನ್ನು ಮುಚ್ಚಿಡಲಿಲ್ಲ. ಪ್ರಕಟಿಸಿದರು. ಆಮೇಲೆ ವಿಶ್ವ ಆರೋಗ್ಯ ಸಂಸ್ಥೆ ಇನ್ನೊಂದು ಪ್ರಯೋಗ ಕೈಗೆತ್ತಿಕೊಂಡಿತು. ಈ ಸಲ ಆಸ್ಪತ್ರೆಯಲ್ಲಿ ಮಾತ್ರ, ಸ್ಕ್ಯಾನ್ ಮಾಡಿ ಎಷ್ಟನೇ ವಾರವೆಂದು ಖಚಿತಪಡಿಸಿಕೊಂಡು, ಕೂಸನ್ನು ನೋಡಿಕೊಳ್ಳುವ ವ್ಯವಸ್ಥೆ ಇರುವಲ್ಲಿ ಮಾತ್ರ. ಬಾಂಗ್ಲಾದೇಶ, ಕೀನ್ಯಾ, ನೈಜೀರಿಯಾ, ಪಾಕಿಸ್ತಾನಗಳ ಜೊತೆ ಭಾರತವೂ ಇತ್ತು. ಭಾರತದ ಕೇಂದ್ರಗಳಲ್ಲಿ ಮತ್ತೆ ಬೆಳಗಾವಿ ಇತ್ತು. 2020ರ ವರದಿ ಹೇಳಿತು: ಅವಧಿಗೆ ಮೊದಲೇ ಹುಟ್ಟಿದ ಕೂಸುಗಳ ಸಾವು ಶೇಕಡಾ 23.5ರಿಂದ 19.6ಕ್ಕೆ ಇಳಿದಿದೆ. ಇಪ್ಪತ್ತೈದು ತಾಯಂದಿರಿಗೆ ಔಷಧ ಕೊಟ್ಟರೆ ಒಂದು ಕೂಸು ಉಳಿಯುತ್ತದೆ. ಅದೇ ಬಗೆಯ ಔಷಧ. ಕೊಡುವ ಜಾಗ, ಕೊಡುವ ಹೊತ್ತು ಸರಿಯಾದಾಗ ಸಂಜೀವಿನಿ. ಜಗತ್ತು ಈ ಎರಡು ಪಾಠಗಳನ್ನೂ ಕಲಿಯುವಾಗ ಈ ಜಿಲ್ಲೆಯ ತಾಯಂದಿರು ಎರಡೂ ಸಲ ಜೊತೆಗಿದ್ದರು. ಅವರ ಹೆಸರು ಯಾವ ಪತ್ರಿಕೆಯಲ್ಲೂ ಬರಲಿಲ್ಲ. ಅವರಿಗೆ ಜಗತ್ತು ಋಣಿ.

ಆಶಾಳ ಚೀಲದೊಳಗೆ

ಇಷ್ಟೆಲ್ಲ ವಿದ್ಯೆ ನಮ್ಮ ಮನೆ ಬಾಗಿಲಿಗೆ ಬರುವುದು ಹೇಗೆ? ನಡೆದುಕೊಂಡು, ಗುಲಾಬಿ ಸೀರೆಯುಟ್ಟು! ಆಶಾ ಕಾರ್ಯಕರ್ತೆಯ ಚೀಲವನ್ನು ಒಮ್ಮೆ ಬಿಡಿಸಿ ನೋಡಿ. ಕೂಸನ್ನು ಜೋಳಿಗೆಯಲ್ಲಿಟ್ಟು ತೂಗುವ ತಕ್ಕಡಿ, ಡಿಜಿಟಲ್ ಥರ್ಮಾಮೀಟರ್, ಉಸಿರು ಎಣಿಸಲು ಗಡಿಯಾರ, ಹೊದಿಕೆ. ಆಸ್ಪತ್ರೆಯಲ್ಲಿ ಹೆರಿಗೆಯಾದ ಪ್ರತಿ ಬಾಣಂತಿಯ ಮನೆಗೆ ಅವಳು 3, 7, 14, 21, 28 ಮತ್ತು 42ನೇ ದಿನ ಬರಬೇಕು. ಶೆಟವಿ ಬರುವುದಕ್ಕೆ ಎರಡು ದಿನ ಮುಂಚೆಯೇ ಆಶಾ ಬಂದು ಕೂಸಿನ ಉಸಿರು ಎಣಿಸಿರುತ್ತಾಳೆ!

ಹೆರಿಗೆಯೂ ಮನೆಯಿಂದ ದವಾಖಾನೆಗೆ ಹೋಯಿತು. 2005-06ರಲ್ಲಿ ಕರ್ನಾಟಕದ ಹೆರಿಗೆಗಳಲ್ಲಿ ಆಸ್ಪತ್ರೆಯಲ್ಲಾದವು ಸುಮಾರು ಶೇಕಡಾ 65. 2019-20ರ ಹೊತ್ತಿಗೆ ಶೇಕಡಾ 97. ನಡುವೆ ಬಂದ 108 ಆಂಬುಲೆನ್ಸ್, ತಾಲ್ಲೂಕು ಮತ್ತು ಜಿಲ್ಲಾ ಆಸ್ಪತ್ರೆಗಳ ನವಜಾತ ಶಿಶು ಘಟಕಗಳು, ಅಂಗನವಾಡಿಯಲ್ಲಿ ಬಸುರಿ ಬಾಣಂತಿಯರಿಗೆ ಬಿಸಿಯೂಟ ಕೊಡುವ 2017ರ ಮಾತೃಪೂರ್ಣ ಎಲ್ಲವೂ ಇದಕ್ಕೆ ಹೆಗಲು ಕೊಟ್ಟವು.

ನಮ್ಮ ಹಳೆಯ ಬಾಣಂತನದಲ್ಲೂ ಎಷ್ಟು ಜಾಣತನವಿದೆ! ಕುಲಾಯಿ, ಕುಂಚಿಗೆ, ಕೌದಿ ಮೂರೂ ಕೂಸನ್ನು ಬೆಚ್ಚಗಿಡುವ ವಿದ್ಯೆಯೇ. ಮೈ ತಣ್ಣಗಾದ ಕೂಸು ಸೋಂಕಿಗೆ ಬೇಗ ಸೋಲುತ್ತದೆ ಎಂದು ವೈದ್ಯರು ಇಂದು ಹೇಳುವುದನ್ನು ಅಜ್ಜಿಯರು ಕೈಯಾರೆ ಹೊಲಿದಿಟ್ಟಿದ್ದರು. ಕೊಲಂಬಿಯಾದ ಬೊಗೊಟಾದಲ್ಲಿ 1970ರ ದಶಕದ ಕೊನೆಗೆ ಶುರುವಾದ ಕಾಂಗರೂ ಆರೈಕೆ, ಅಂದರೆ ಕಡಿಮೆ ತೂಕದ ಕೂಸನ್ನು ತಾಯಿಯ ಬರಿಯೆದೆಗೆ ಅಪ್ಪಿಸಿ ಕಟ್ಟುವುದು, ಅದೇ ಬಿಸುಪಿನ ಮುಂದುವರಿಕೆ. ಅದನ್ನು ಇಡೀ ಜಿಲ್ಲೆಗೆ ಹಬ್ಬಿಸುವುದು ಹೇಗೆಂದು ನಮ್ಮದೇ ಕೊಪ್ಪಳದಲ್ಲಿ ಮಾಡಿ ತೋರಿಸಿದ್ದಾರೆ. ಬಿಡಬೇಕಾದವೂ ಕೆಲವು ಇವೆ: ಹುಟ್ಟಿದ ಕೂಡಲೇ ಎರೆಯುವುದು, ಮೊದಲ ಹಾಲು ಹಿಂಡಿ ಚೆಲ್ಲುವುದು, ಎಳೆಗೂಸಿನ ಬಾಯಿಗೆ ಔಡಲೆಣ್ಣೆ, ಜೇನು ಹಾಕುವುದು. ಆ ಹಳದಿ ಮೊದಲ ಹಾಲು ಕೂಸಿಗೆ ಸಿಗುವ ಮೊದಲ ಲಸಿಕೆಯಿದ್ದಂತೆ ಎಂದು ತಿಳಿದ ಮೇಲೆ ಯಾವ ಅಜ್ಜಿ ತಾನೇ ಚೆಲ್ಲಿಯಾಳು?

ಕೆಲಸ ಮುಗಿದಿಲ್ಲ. ಸಹಾರಾ ಮರುಭೂಮಿಯ ದಕ್ಷಿಣದ ಆಫ್ರಿಕಾದಲ್ಲಿ ಇಂದಿಗೂ ಹದಿನಾಲ್ಕು ಮಕ್ಕಳಲ್ಲಿ ಒಂದು ಐದನೇ ಹುಟ್ಟುಹಬ್ಬ ಕಾಣುವುದಿಲ್ಲ. 2030ರೊಳಗೆ ಪ್ರತಿ ದೇಶವೂ ನವಜಾತ ಶಿಶು ಮರಣವನ್ನು ಸಾವಿರಕ್ಕೆ 12 ಅಥವಾ ಅದಕ್ಕಿಂತ ಕೆಳಗೆ ತರಬೇಕೆಂಬುದು ವಿಶ್ವಸಂಸ್ಥೆಯ ಗುರಿ. 2020ರಲ್ಲಿ ಭಾರತದ ಲೆಕ್ಕ 20, ಕರ್ನಾಟಕದ್ದು 14. ನಾವು ಗುರಿಯ ಹೊಸ್ತಿಲಲ್ಲಿದ್ದೇವೆ. ಉಳಿದಿರುವ ಸಾವುಗಳಲ್ಲಿ ಎಷ್ಟೋ ತಪ್ಪಿಸಬಹುದಾದವು, ಮತ್ತು ತಪ್ಪಿಸುವ ದಾರಿ ಗೊತ್ತಿದೆ. ಹಣೆಬರಹ ಎಂದು ಕೈಚೆಲ್ಲಿದ್ದ ಜಾಗದಲ್ಲಿ ಮನುಷ್ಯರ ಕೈ ಕೆಲಸ ಮಾಡುತ್ತದೆ ಎಂದು ನಮ್ಮ ಜಿಲ್ಲೆಯ ನರ್ಸಮ್ಮಂದಿರೇ ಸಾಬೀತು ಮಾಡಿದ್ದಾರೆ.

ಆದ್ದರಿಂದ ಓದುಗರಲ್ಲಿ ಒಂದು ವಿನಂತಿ. ನಿಮ್ಮ ಮನೆಯಲ್ಲೋ ಓಣಿಯಲ್ಲೋ ಬಸುರಿ ಇದ್ದರೆ ತಾಯಿ ಕಾರ್ಡ್ ಮಾಡಿಸಿ, ಹೆರಿಗೆ ಎಲ್ಲಿ ಎಂದು ಮೊದಲೇ ನಿಶ್ಚಯಿಸಿ. ಕೂಸು ಹುಟ್ಟಿದ ಒಂದು ಗಂಟೆಯೊಳಗೆ ಎದೆಹಾಲು ಕುಡಿಸಿ. ಆರು ತಿಂಗಳು ಎದೆಹಾಲು ಮಾತ್ರ. ಆಶಾ ಬಂದಾಗ ಒಳಗೆ ಕರೆದು, ಕೂಸನ್ನು ಅವಳ ಕೈಗೆ ಕೊಡಿ. ಕೂಸು ಹಾಲು ಬಿಟ್ಟರೆ, ಮೈ ತಣ್ಣಗಾದರೆ ಇಲ್ಲವೇ ಸುಟ್ಟರೆ, ಉಸಿರು ನಿಮಿಷಕ್ಕೆ ಅರವತ್ತು ಮುಟ್ಟಿದರೆ, ಎದೆಗೂಡು ಒಳಗೆ ಎಳೆದುಕೊಂಡರೆ, ಅಂಗೈ ಅಂಗಾಲು ಹಳದಿಯಾದರೆ, ಫಿಟ್ಸ್ ಬಂದರೆ ಬೆಳಗಾಗಲಿ ಎಂದು ಕಾಯಬೇಡಿ. 108ಕ್ಕೆ ಫೋನ್ ಮಾಡಿ. ಮತ್ತು ಹೆರಿಗೆಗೆ ಹೋದ ದವಾಖಾನೆಯಲ್ಲಿ ಸಂಕೋಚ ಬಿಟ್ಟು ಒಂದು ಪ್ರಶ್ನೆ ಕೇಳಿ: ಕೂಸು ಅಳದಿದ್ದರೆ ಉಸಿರು ಕೊಡುವ ಚೀಲ, ಮಾಸ್ಕ್ ಸಿದ್ಧವಾಗಿವೆಯೇ? ಅದನ್ನು ಕಲಿತವರು ಡ್ಯೂಟಿಯಲ್ಲಿದ್ದಾರೆಯೇ? ಇದನ್ನು ಕೇಳುವ ಹಕ್ಕು ಪ್ರತಿ ತಾಯಿಗೂ ಇದೆ.